ಭದ್ರಾವತಿಗೆ ಹೋದದ್ದಕ್ಕೆ ಪುರಾವೆ

ಇದು ನಿಜವಾಗಿ ನಡೆದದ್ದು. ಪುರಾವೆ ಎಲ್ಲಿ ಎಂದು ಮಾತ್ರ ಕೇಳಬೇಡಿ. ಪುರಾವೆ ಕೇಳಿದ್ದರಿಂದಲೇ ಇಷ್ಟೆಲ್ಲ ಆದದ್ದು.

ಸವಳಂಗ ರಸ್ತೆಯ ಒಂದು ಹಳೇ ಕಟ್ಟಡದಲ್ಲಿ ಸೇನೆಗೆ ಸೇರಿದ ಚಿಕ್ಕ ಕಚೇರಿಯೊಂದಿತ್ತು. ಅಲ್ಲಿ ಬಂದೂಕಿಗಿಂತ ಸ್ಟೇಪ್ಲರ್ ಸದ್ದು ಹೆಚ್ಚು. ಗುಮಾಸ್ತ ಲಕ್ಷ್ಮೀಕಾಂತರ ಖಾತೆ ಪ್ರಯಾಣ. ಅಂದರೆ ಅವರು ಪ್ರಯಾಣ ಮಾಡುತ್ತಿದ್ದರು ಎಂದಲ್ಲ. ಸೈನಿಕರಿಗೆ ರೈಲು, ವಿಮಾನದ ಟಿಕೆಟ್ ಬುಕ್ ಮಾಡುವುದು, ಹೋಗಿ ಬಂದವರ ಖರ್ಚಿನ ಬಿಲ್ ತಯಾರಿಸುವುದು, ಅದನ್ನು ಬೆಂಗಳೂರಿನ ಆಡಿಟ್ ಕಚೇರಿಗೆ ಕಳಿಸಿ ಹಣ ಕೊಡಿಸುವುದು. ಕುರ್ಚಿ ಬಿಟ್ಟೇಳದೆ ಅವರು ಜಮ್ಮುವಿನಿಂದ ಜೋರ್ಹಾಟ್‌ವರೆಗೆ ಇಡೀ ಪಡೆಯನ್ನು ಓಡಾಡಿಸಿದವರು. ಅವರ ಕೈಯಿಂದ ಹೋದ ಬಿಲ್ಲು ಮದುವೆಯಾದ ಮಗಳ ಹಾಗೆ. ತವರಿಗೆ ವಾಪಸ್ ಬಂದದ್ದೇ ಇಲ್ಲ ಎಂದು ಕಚೇರಿಯಲ್ಲಿ ಹೇಳುತ್ತಿದ್ದರು.

ಅಂಥವರ ಸ್ವಂತ ಬಿಲ್ಲೇ ವಾಪಸ್ ಬಂತು.

ಆದದ್ದಿಷ್ಟು. ರಜೆ ಮೇಲೆ ಭದ್ರಾವತಿಯ ಮನೆಗೆ ಬಂದಿದ್ದ ಹವಾಲ್ದಾರ್ ರಾಮಚಂದ್ರಪ್ಪನಿಗೆ ತಕ್ಷಣ ಹೊರಟು ಬಾ ಎಂದು ಅವನ ಪಡೆಯಿಂದ ಕರೆ ಬಂದಿತ್ತು. ಅವನಿಗೆ ರೈಲ್ವೆ ವಾರಂಟ್, ಅಂದರೆ ಕೌಂಟರಿನಲ್ಲಿ ದುಡ್ಡಿನ ಬದಲು ಕೊಡುವ ಸೇನೆಯ ಚೀಟಿ, ಕೈಯಾರೆ ತಲುಪಬೇಕಿತ್ತು. "ಲಕ್ಷ್ಮೀಕಾಂತ್, ನೀವೇ ಹೋಗಿ" ಎಂದರು ಕರ್ನಲ್ ಸಾಹೇಬರು. ಲಕ್ಷ್ಮೀಕಾಂತರು ಪ್ರೈವೇಟ್ ಬಸ್ ಹತ್ತಿದರು. ದುಡ್ಡು ತೆಗೆದುಕೊಂಡ ಕಂಡಕ್ಟರನನ್ನು ಟಿಕೆಟ್ ಕೇಳಿದರು. ಅವನು ಮದುವೆಮನೆಯಲ್ಲಿ ಊಟಕ್ಕೆ ರಸೀದಿ ಕೇಳಿದವರನ್ನು ನೋಡುವ ಹಾಗೆ ನೋಡಿ, "ಟಿಕೆಟ್ ಯಾಕ್ ಸಾರ್? ನಾನೇ ಇದೀನಲ್ಲ!" ಎಂದು ಮುಂದಿನ ಸೀಟಿಗೆ ಹೋಗಿಬಿಟ್ಟ.

ಆ ದಾರಿಯಲ್ಲಿ ಓಡಾಡುವ ಯಾರಿಗೂ ಇದು ವಿಶೇಷವಲ್ಲ. ಆಡಿಟ್ ಕಚೇರಿಗೆ ವಿಶೇಷವಾಯಿತು. ಬಸ್ ಚಾರ್ಜಿನ ಬಿಲ್ಲು ಒಂದು ಷರಾದೊಂದಿಗೆ ಮರಳಿತು: "ಟಿಕೆಟ್ ಲಗತ್ತಿಸಿಲ್ಲ. ಪ್ರಯಾಣ ನಡೆದ ಬಗ್ಗೆ ಅನುಮಾನವಿದೆ."

ಲಕ್ಷ್ಮೀಕಾಂತರು ವಿವರಣೆ ಬರೆದರು. ಮರಳಿತು. ಇನ್ನೂ ಉದ್ದದ ವಿವರಣೆ ಬರೆದರು. ಇನ್ನೂ ಬೇಗ ಮರಳಿತು.

ದುರ್ಗಿಗುಡಿಯ ಮನೆಯಲ್ಲಿ ಹೆಂಡತಿ ವಿಮಲಾ ತಲೆ ಚಚ್ಚಿಕೊಂಡರು. "ಆ ಬಸ್ ಚಾರ್ಜ್ ನಾನ್ ಕೊಡ್ತೀನಿ ಕಣ್ರೀ. ಮೊದ್ಲು ಊಟಕ್ಕೆ ಏಳಿ."

"ಚಾರ್ಜಿನ ಪ್ರಶ್ನೆ ಅಲ್ಲ ವಿಮಲಾ! ನಾನು ಹೋಗೇ ಇಲ್ಲ ಅಂತಾರೆ! ಇಡೀ ಮಿಲಿಟ್ರಿ ಹೋಗಿದ್ದು ನಿಜ, ಲಕ್ಷ್ಮೀಕಾಂತ ಭದ್ರಾವತಿಗೆ ಹೋಗಿದ್ದು ಮಾತ್ರ ಸುಳ್ಳು! ಆ ಅನುಮಾನ ಅನ್ನೋ ಪದಾನ ಅವರ ಕೈಲೇ ಹೊಡೆದು ಹಾಕಿಸ್ತೀನಿ. ಅಲ್ಲೀವರ್ಗೂ ಬಿಡಲ್ಲ."

"ಸರಿ, ಸಾರು ಆರೋಗೋದಾದ್ರೂ ನಿಜ ತಾನೇ? ಬನ್ನಿ."

ಮರುದಿನ ಬೆಳಗ್ಗೆ ಕಚೇರಿಯ ಫೋನು ಹೊಡೆದುಕೊಂಡಿತು. ಇಲ್ಲಿ ಇನ್ನೊಬ್ಬನ ಪರಿಚಯ ಆಗಬೇಕು. ಉಗ್ರಾಣದ ಗುಮಾಸ್ತ ಗುರು. ಸಂಬಳ ಉಗ್ರಾಣಕ್ಕೆ, ಪ್ರತಿಭೆ ಗಂಟಲಿಗೆ. ಕರ್ನಲ್ ಸಾಹೇಬರ ಕೆಮ್ಮು, ರೈಲ್ವೆ ಸ್ಟೇಷನ್ನಿನ ಅನೌನ್ಸ್‌ಮೆಂಟು, ಮಿಕ್ಸಿ ರಿಪೇರಿ ಆಟೋದ ಚಾರ್ಜ್ ಮುಗಿಯುತ್ತಿರುವ ಮೈಕು, ಎಲ್ಲವೂ ಅವನ ಗಂಟಲಲ್ಲಿ ಬಾಡಿಗೆಗೆ ಇದ್ದವು. ಆ ಬೆಳಗ್ಗೆ ಅವನ ಕುರ್ಚಿ ಖಾಲಿ ಇತ್ತು. ಉಗ್ರಾಣದ ಬಾಗಿಲು ಒಳಗಿನಿಂದ ಹಾಕಿತ್ತು. ಟೈಪಿಂಗ್ ಮಾಡುತ್ತಿದ್ದ ಸುಷ್ಮಾ ಸುಮ್ಮಸುಮ್ಮನೆ ಸೆರಗಿನಿಂದ ಬಾಯಿ ಮುಚ್ಚಿಕೊಂಡಿದ್ದಳು. ಇಷ್ಟು ಹೇಳಿದರೆ ನಿಮಗೆ ಅರ್ಥವಾಯಿತು. ಲಕ್ಷ್ಮೀಕಾಂತರಿಗೆ ಆಗಲಿಲ್ಲ.

"ಆಡಿಟ್ ಆಫೀಸರ್ ಮಾತಾಡ್ತಿರೋದು," ಎಂದಿತು ಫೋನು, ಖಾಲಿ ಡ್ರಮ್ಮಿನೊಳಗಿಂದ ಬಂದ ಧ್ವನಿಯಲ್ಲಿ. "ಆ ಭದ್ರಾವತಿ ಬಿಲ್ಲು ನಿಮ್ದೇನ್ರೀ?"

"ಹೌದು ಸಾರ್! ನಾನು ನಿಜವಾಗ್ಲೂ—"

"ನಿಜ ಅನ್ನೋದು ಬಾಯಲ್ಲಿ ಇರಲ್ಲ, ಕಾಗದದಲ್ಲಿ ಇರತ್ತೆ. ಇವತ್ತೇ ಆ ಪ್ರಯಾಣ ಇನ್ನೊಂದ್ಸಲ ಮಾಡಿ. ಅದೇ ಬಸ್ಸು. ದಾರೀಲಿ ಪ್ರತಿ ಸ್ಟಾಪಲ್ಲೂ ಇಳಿದು ಒಬ್ಬ ಸಾಕ್ಷಿ ಜೊತೆ ಫೋಟೋ. ಕಂಡಕ್ಟರ್ ಕೈಲಿ ಒಂದು ಹೇಳಿಕೆ. ಭದ್ರಾವತೀಲಿ ಅವತ್ತು ನಿಮ್ಮನ್ನ ಕಂಡೋರ ಕೈಲಿ ಇನ್ನೊಂದು. ಸಂಜೆ ಒಳಗೆ ರೆಡಿ ಇರ್ಬೇಕು. ಇಲ್ಲಾಂದ್ರೆ ಅನುಮಾನ ಖಾಯಂ!"

ಫೋನು ಇಟ್ಟ ಲಕ್ಷ್ಮೀಕಾಂತರು ಒಂದು ಕ್ಷಣ ಯೋಚಿಸಿದರು. ಇಷ್ಟು ವಿಚಿತ್ರವಾದ ಬೇಡಿಕೆ ತಮಾಷೆ ಇರಲು ಸಾಧ್ಯವಿಲ್ಲ, ಸರ್ಕಾರದ್ದೇ ಇರಬೇಕು. ಕರ್ನಲ್ ಸಾಹೇಬರು ಕ್ಯಾಂಪಿಗೆ ಹೋಗಿದ್ದರು, ಕೇಳುವವರಿಲ್ಲ. ಬ್ಯಾಗಿಗೆ ಕಡತ ತುರುಕಿ ಎದ್ದರು.

"ಸುಷ್ಮಾ, ಯಾರಾದ್ರೂ ಕೇಳಿದ್ರೆ ಯುದ್ಧಕ್ಕೆ ಹೋಗಿದಾರೆ ಅನ್ನು."

"ಯಾವ ಗಡಿಗೆ ಸಾರ್?"

"ಭದ್ರಾವತಿ!"

ಬಸ್ ಸ್ಟ್ಯಾಂಡಿನಲ್ಲಿ ಅದೇ ಬಸ್ಸು, ಅದೇ ಕಂಡಕ್ಟರು. ಹೆಸರು ಹಿರಿಯಣ್ಣ. ಲಕ್ಷ್ಮೀಕಾಂತರು ಮೊಬೈಲ್ ಎತ್ತಿ ಅವನ ಪಕ್ಕ ನಿಂತು ನಕ್ಕ ತಕ್ಷಣ ಹಿರಿಯಣ್ಣನ ಮುಖ ಬೇಯಿಸಿದ ಬದನೆಕಾಯಿಯಂತಾಯಿತು.

"ಸಾರ್, ತಾವು ಆರ್‌ಟಿಓನಾ?"

"ಅಲ್ಲ."

"ಯೂಟ್ಯೂಬಾ?"

"ಅಲ್ಲ ಮಾರಾಯ. ಹೋದ ತಿಂಗ್ಳು ನಿನ್ ಬಸ್ಸಲ್ಲಿ ಬಂದಿದ್ದೆ. ಟಿಕೆಟ್ ಕೇಳಿದ್ದೆ. ನೀನು ಕೊಡ್ಲಿಲ್ಲ."

ಹಿರಿಯಣ್ಣ ಎದೆ ತಟ್ಟಿಕೊಂಡು ಉಸಿರು ಬಿಟ್ಟ. "ಅಷ್ಟೇನಾ! ಹೆದ್ರಿಸ್ಬಿಟ್ರಲ್ಲ ಸಾರ್. ಯಾವ ತಾರೀಕಿಂದು ಬೇಕು ಹೇಳಿ. ಎಲ್ಲಿಂದ ಎಲ್ಲಿಗೆ ಅಂತ ಹೇಳಿ. ಬೇಕಾದ್ರೆ ಮನೆಯೋರಿಗೂ ಒಂದು ಹರಿದು ಕೊಡ್ತೀನಿ."

ಇಲ್ಲಿ ಲಕ್ಷ್ಮೀಕಾಂತರು ಕೈಚಾಚಿದ್ದರೆ ಕತೆ ಮುಗಿಯುತ್ತಿತ್ತು. ಆದರೆ ಅವರ ಬೆನ್ನು ಪರೇಡಿನಲ್ಲಿ ನಿಂತವರ ಹಾಗೆ ನೆಟ್ಟಗಾಯಿತು.

"ನಿಜವಾದ ಪ್ರಯಾಣಕ್ಕೆ ಸುಳ್ಳು ಟಿಕೆಟ್ಟಾ? ನಂಗ್ ಬೇಡ! ಅವತ್ತು ಟಿಕೆಟ್ ಕೊಡ್ಲಿಲ್ಲ ಅಂತ ಬರ್ದು ಕೊಡು. ಅದು ಸತ್ಯ."

"ಅಯ್ಯಪ್ಪಾ! ಅದು ಬರ್ದು ಕೊಟ್ರೆ ಓನರ್ರು ನನ್ನನ್ನೇ ಮನೇಗೆ ಟಿಕೆಟ್ ಕೊಟ್ ಕಳಿಸ್ತಾರೆ. ರೈಟ್! ಹೋಗ್ಲಿ ಗಾಡಿ!"

ಬಸ್ಸು ಹೊರಟಿತು. ಮಲವಗೊಪ್ಪದಲ್ಲಿ ಲಕ್ಷ್ಮೀಕಾಂತರು ಜಿಗಿದಿಳಿದು ಸೊಪ್ಪು ಮಾರುವವನ ಭುಜಕ್ಕೆ ಕೈಹಾಕಿ ಫೋಟೋ ತೆಗೆದುಕೊಂಡು ಮತ್ತೆ ಹತ್ತಿದರು. ನಿದಿಗೆಯಲ್ಲಿ ಯಾರೂ ಸಿಗದೆ ಒಂದು ಎಮ್ಮೆಯ ಪಕ್ಕ ನಿಂತರು. ಎಮ್ಮೆ ಸಾಕ್ಷಿಯಾಗಲು ಒಪ್ಪದೆ ತಿರುಗಿಕೊಂಡಿತು. ಅದರ ಹಿಂಭಾಗ ಚೆನ್ನಾಗಿ ಬಂತು. ಬಸ್ಸಿನೊಳಗೆ ಆಗಲೇ ಗುಸುಗುಸು ಶುರು. ಅದಕ್ಕೆ ನಾಯಕಿ ದುರ್ಗಿಗುಡಿಯಲ್ಲಿ ಅವರ ಎದುರುಮನೆಯ ಪುಷ್ಪಮ್ಮ. ತಂಗಿ ಮನೆಗೆ ಹೊರಟಿದ್ದರು.

"ಏನ್ ಲಕ್ಷ್ಮೀಕಾಂತಣ್ಣ, ಡ್ಯೂಟಿ ಟೈಮಲ್ಲಿ ಎಮ್ಮೆ ಜೊತೆ ಫೋಟೋ ಹೊಡ್ಕೊಂಡು ಓಡಾಡ್ತಿದೀರಿ?"

"ಇದೇ ಡ್ಯೂಟಿ ಪುಷ್ಪಮ್ಮ."

"ಓಹೋ," ಎಂದು ಪುಷ್ಪಮ್ಮ ಪಕ್ಕದವಳ ಕಡೆ ತಿರುಗಿದರು. ಆ ಓಹೋ ಹಿಂದಿನ ಸೀಟಿಗೆ ಹೋಗಿ ಮುಟ್ಟುವಷ್ಟರಲ್ಲಿ ಲಕ್ಷ್ಮೀಕಾಂತರು ಸಸ್ಪೆಂಡ್ ಆಗಿದ್ದರು.

ಮಾಚೇನಹಳ್ಳಿಯಲ್ಲಿ ಫ್ಯಾಕ್ಟರಿಯ ಶಿಫ್ಟು ಬಿಟ್ಟಿತ್ತು. ಇಳಿದು ಮೊಬೈಲ್ ಎತ್ತಿದ್ದೇ ತಡ, ಟಿವಿಯವರು ಬಂದರು ಎಂದು ಕಾರ್ಮಿಕರು ಮುತ್ತಿಕೊಂಡರು. ಒಬ್ಬ ಬೋನಸ್ ಬಗ್ಗೆ ಭಾಷಣವನ್ನೇ ಶುರು ಮಾಡಿದ. "ನಂಗೊಬ್ರೇ ಸಾಕ್ಷಿ ಸಾಕು ಕಣ್ರಪ್ಪಾ!" ಎಂದು ಲಕ್ಷ್ಮೀಕಾಂತರು ಕೂಗುತ್ತಿರುವಾಗ ಹಿಂದಿನಿಂದ ಹಿರಿಯಣ್ಣನ "ರೈಟ್!" ಕೇಳಿಸಿತು. ತಿರುಗಿ ನೋಡಿದರೆ ಬಸ್ಸು ಹೊಗೆಯ ಬಾಲ ಬಿಟ್ಟುಕೊಂಡು ಹೋಗುತ್ತಿತ್ತು. ಸೀಟಿನ ಮೇಲೆ ಅವರ ಬ್ಯಾಗು. ಬ್ಯಾಗಿನ ಪಕ್ಕ ಪುಷ್ಪಮ್ಮ.

ಸಿಮೆಂಟ್ ಮೂಟೆ ತುಂಬಿದ ಲಗೇಜ್ ಆಟೋವೊಂದು ಅವರನ್ನು ಹತ್ತಿಸಿಕೊಂಡಿತು. ಭದ್ರಾವತಿಯಲ್ಲಿ ಇಳಿದಾಗ ಅವರು ಅರ್ಧ ಕಟ್ಟಿ ಬಿಟ್ಟ ಪ್ರತಿಮೆಯಂತಿದ್ದರು. ಅಲ್ಲಿ ನೋಡಿದರೆ ಬಸ್ಸು ನಿಂತಿದೆ, ಒಬ್ಬರೂ ಇಳಿದಿಲ್ಲ. ಮಧ್ಯದಲ್ಲಿ ಪುಷ್ಪಮ್ಮ ಕಡತ ಬಿಚ್ಚಿ ಹರಿಕಥೆಯ ರಾಗದಲ್ಲಿ ಓದುತ್ತಿದ್ದಾರೆ: "ಪ್ರಯಾಣ ನಡೆದ ಬಗ್ಗೆ ಅನುಮಾನವಿದೆ..."

"ಯೋವ್, ಮಿಲಿಟ್ರಿ ಟಿಕೆಟ್ ದುಡ್ಡು ತಿಂದಿದಾರಂತೆ," ಎಂದ ಒಬ್ಬ.

ಲಕ್ಷ್ಮೀಕಾಂತರ ತಲೆಯ ಮೇಲಿನ ಸಿಮೆಂಟ್ ಧೂಳೂ ಕೆಂಪಾಯಿತು. ಫುಟ್‌ಬೋರ್ಡ್ ಏರಿ ನಿಂತರು.

"ತಿಂದಿಲ್ಲಾರೀ! ನೂರಾರು ಸೈನಿಕರಿಗೆ ಟಿಕೆಟ್ ಮಾಡಿಸಿದ ಕೈ ಇದು. ಒಂದು ಪೈಸೆ ಆಚೆ ಈಚೆ ಆಗಿಲ್ಲ. ನಂಗೆ ಟಿಕೆಟ್ ಕೊಡದೇ ಇದ್ದೋನು ಇಲ್ಲೇ ನಿಂತಿದಾನೆ, ಸೀಟಿ ಕಚ್ಕೊಂಡು! ಅವನನ್ನ ಕೇಳಿ!"

ಬಸ್ಸು ಒಮ್ಮೆಲೇ ಹಿರಿಯಣ್ಣನ ಕಡೆ ತಿರುಗಿತು. ಕಾರ್ಖಾನೆಯಿಂದ ನಿವೃತ್ತರಾದ ಮುದುಕರೊಬ್ಬರು ಕೊಡೆಯ ತುದಿಯಿಂದ ಅವನ ಹೊಟ್ಟೆ ತಿವಿದರು. "ಏನಪ್ಪಾ, ಟಿಕೆಟ್ ಕೊಡದವನು ನೀನು, ಮರ್ಯಾದೆ ಹೋಗಿರೋದು ಅವರ್ದು. ಬರಿ ಅಪ್ಪಾ ಬರಿ. ಬರೆಯೋ ವರ್ಗೂ ಬಸ್ ಹೋಗಲ್ಲ."

ಪುಷ್ಪಮ್ಮನೂ ಕ್ಷಣದಲ್ಲಿ ಪಕ್ಷ ಬದಲಿಸಿದರು. "ಅದೇ ಮತ್ತೆ! ನಮ್ ಲಕ್ಷ್ಮೀಕಾಂತಣ್ಣ ಎಂಥೋರು ಅಂತ ಬೀದಿಗೆಲ್ಲಾ ಗೊತ್ತು. ಬರಿಯೋ!"

ಹಿರಿಯಣ್ಣ ಬೆವರೊರೆಸಿಕೊಳ್ಳುತ್ತ ಬರೆದ: "ಈ ಸಾರ್ ನನ್ನ ಬಸ್ಸಿನಲ್ಲಿ ಬಂದಿದ್ದರು. ಟಿಕೆಟ್ ಕೇಳಿದರು. ನಾನು ಕೊಡಲಿಲ್ಲ. ನಾನು ಯಾರಿಗೂ ಕೊಡುವುದಿಲ್ಲ."

ಉಳಿದದ್ದು ಅವತ್ತು ಭದ್ರಾವತಿಯಲ್ಲಿ ಕಂಡವರ ಹೇಳಿಕೆ. ರಾಮಚಂದ್ರಪ್ಪ ಗಡಿಯಲ್ಲಿದ್ದಾನೆ. ಆದರೆ ವಾರಂಟ್ ಕೈಬದಲಾದದ್ದು ಬಸ್ ಸ್ಟ್ಯಾಂಡ್ ಪಕ್ಕದ ಸಣ್ಣಮ್ಮನ ಟೀ ಅಂಗಡಿಯಲ್ಲಿ. ಸಣ್ಣಮ್ಮ ಅವರನ್ನು ಕಂಡದ್ದೇ ಸೌಟು ಎತ್ತಿದಳು.

"ನೆನಪಿಲ್ದೇ ಏನು? ಆ ಮಿಲಿಟ್ರಿ ಹುಡ್ಗ ಎರಡ್ ಲೋಟ ಕುಡ್ದ. ನೀವು ಒಂದ್ ಗುಟುಕು ಕುಡ್ದು, ಶುಂಠಿ ಜಾಸ್ತಿ ಆಗಿದೆ, ಇದು ಟೀ ಅಲ್ಲ ಕಷಾಯ ಅಂತ ಗಿರಾಕಿಗಳ ಮುಂದೆ ಅಂದ್ರಿ."

"ಹಾಗಾದ್ರೆ ನಾನ್ ಬಂದಿದ್ದೆ ಅಂತ ಬರ್ಕೊಡಮ್ಮ."

"ಬರೀತೀನಿ. ನೀವೂ ಬರ್ಕೊಡಿ. ಸಣ್ಣಮ್ಮನ ಟೀ ಚೆನ್ನಾಗಿದೆ ಅಂತ. ಗೋಡೆಗೆ ಅಂಟಿಸ್ತೀನಿ."

ಲಕ್ಷ್ಮೀಕಾಂತರು ಪೆನ್ನು ತೆಗೆದರು. ಪೆನ್ನು ಕಾಗದದ ಮೇಲೆ ನಿಂತಿತು. ಮುಂದೆ ಹೋಗಲಿಲ್ಲ. "ಆದ್ರೆ ಅವತ್ತು ಶುಂಠಿ ಜಾಸ್ತಿ ಇದ್ದಿದ್ದು ಹೌದಲ್ಲಮ್ಮ."

"ಹಾಗಾದ್ರೆ ನೀವು ಬಂದಿದ್ದೂ ನಂಗೆ ಮರ್ತೋಯ್ತು."

ಕೊನೆಗೆ ಒಂದು ಒಪ್ಪಂದವಾಯಿತು. ಅವತ್ತಿನ ಟೀ ಬಗ್ಗೆ ಮಾತು ಬೇಡ, ಇವತ್ತಿನದನ್ನು ಕುಡಿದು ಅಭಿಪ್ರಾಯ ಬರೆಯುವುದು. ಮೊದಲ ಲೋಟಕ್ಕೆ ಲಕ್ಷ್ಮೀಕಾಂತರ ಕಣ್ಣಲ್ಲಿ ನೀರು ಬಂತು. ಎರಡನೆಯದಕ್ಕೆ ಕಿವಿ ಬಿಸಿಯಾಯಿತು. ಮೂರನೆಯ ಲೋಟದ ಹೊತ್ತಿಗೆ ನಾಲಿಗೆ ಶರಣಾಗಿ ಏನೂ ಗೊತ್ತಾಗದಂತಾಗಿತ್ತು. ಅವರು ಆತ್ಮಸಾಕ್ಷಿಗೆ ತಕ್ಕಂತೆ ಬರೆದರು: "ಸಣ್ಣಮ್ಮನವರ ಟೀಯಲ್ಲಿ ಈಗ ನನಗೆ ಯಾವ ದೋಷವೂ ಕಾಣುತ್ತಿಲ್ಲ."

ಸಣ್ಣಮ್ಮ ಸಂತೋಷಪಟ್ಟು ಹೇಳಿಕೆಗೆ ಸಹಿ ಹಾಕಿ, ಕಾಗದದ ಮೂಲೆಯಲ್ಲಿ ಲೋಟದ ದುಂಡು ಗುರುತನ್ನೂ ಒತ್ತಿಕೊಟ್ಟಳು. ಕಚೇರಿಯ ಮೊಹರಿಗಿಂತ ಅದೇ ಸ್ಪಷ್ಟವಾಗಿತ್ತು.

ಸಂಜೆ ಸವಳಂಗ ರಸ್ತೆಯ ಕಚೇರಿಗೆ ಲಕ್ಷ್ಮೀಕಾಂತರು ಕೋಟೆ ಗೆದ್ದವರಂತೆ ಕಾಲಿಟ್ಟರು. ಕೂದಲಲ್ಲಿ ಸಿಮೆಂಟು, ಹೊಟ್ಟೆಯಲ್ಲಿ ಶುಂಠಿ, ಕೈಯಲ್ಲಿ ಪುರಾವೆ. ಯಾರೂ ಮನೆಗೆ ಹೋಗಿರಲಿಲ್ಲ. ಎಲ್ಲರೂ ಸಾಲಾಗಿ ನಿಂತಿದ್ದರು. ಹಿಂದಿನಿಂದ ಖಾಲಿ ಡ್ರಮ್ಮಿನ ಧ್ವನಿ ಮೊಳಗಿತು.

"ಏನ್ರೀ, ನಿಜ ಕಾಗದದಲ್ಲಿ ಬಂತಾ?"

ತಿರುಗಿದರೆ ಗುರು. ಕೈಯಲ್ಲಿ ಪ್ಲಾಸ್ಟಿಕ್ ಬಕೆಟ್ಟು. ಅದರೊಳಗೆ ಬಾಯಿಟ್ಟು ಮಾತಾಡುತ್ತಿದ್ದ.

ನಗು ಪಟಾಕಿ ಸರದಂತೆ ಸಿಡಿಯಿತು. ಸುಷ್ಮಾ ಮೇಜಿನ ಮೇಲೆ ತಲೆಯಿಟ್ಟಳು. ಕಾವಲಿನ ಜವಾನ ಕೂಡ ಗೋಡೆ ಹಿಡಿದುಕೊಂಡ. ಎಮ್ಮೆ, ಸಿಮೆಂಟು, ಮೂರು ಲೋಟ ಟೀ ಒಂದೊಂದಾಗಿ ಲಕ್ಷ್ಮೀಕಾಂತರ ಕಣ್ಣ ಮುಂದೆ ಹಾದು ಹೋದವು.

"ಸಾರಿ ಸಾರ್," ಎಂದ ಗುರು, ಕಣ್ಣೊರೆಸಿಕೊಂಡು. "ನೀವು ನಿಜವಾಗ್ಲೂ ಹೋಗ್ತೀರಿ ಅಂದ್ಕೊಂಡಿರ್ಲಿಲ್ಲ. ಬಸ್ ಸ್ಟ್ಯಾಂಡಿಂದ ವಾಪಸ್ ಬರ್ತೀರಿ ಅಂತಿದ್ದೆ. ಕೊಡಿ ಆ ಕಾಗದ, ಫ್ರೇಮ್ ಹಾಕಿಸೋಣ."

ಲಕ್ಷ್ಮೀಕಾಂತರು ಕಾಗದ ಕೊಡಲಿಲ್ಲ. ನೇರ ಕಂಪ್ಯೂಟರಿನ ಮುಂದೆ ಕೂತರು.

"ತಮಾಷೆ ನಿಂದು ಗುರು. ಪುರಾವೆ ನಂದು. ಇದನ್ನ ಈಗಲೇ ಆಡಿಟ್‌ಗೆ ಕಳಿಸ್ತೀನಿ."

ಗುರುವಿನ ನಗು ಅರ್ಧದಲ್ಲಿ ಕೆಟ್ಟು ನಿಂತಿತು. "ಅಯ್ಯೋ ಬೇಡ ಸಾರ್! ಯಾರು ಹೇಳಿದ್ರು ಅಂತ ಅವರು ಕೇಳಿದ್ರೆ? ನನ್ ಕೆಲ್ಸ ಹೋಗತ್ತೆ!"

"ಕೇಳ್ಲಿ."

"ಎಮ್ಮೆ ಫೋಟೋ ಇದೆ ಸಾರ್ ಅದ್ರಲ್ಲಿ!"

"ಇರ್ಲಿ. ಅದೂ ಹೋಗ್ಲಿ. ನನ್ ಮೇಲೆ ಅನುಮಾನ ಪಟ್ಟೋರು ಅದರ ಬೆನ್ನಾದ್ರೂ ನೋಡ್ಲಿ!" ಎನ್ನುತ್ತ ಲಕ್ಷ್ಮೀಕಾಂತರು ಒಂದೊಂದೇ ಕಾಗದ, ಒಂದೊಂದೇ ಫೋಟೋ ಸೇರಿಸಿ, ಬಾಗಿಲು ಒದ್ದ ಹಾಗೆ ಎಂಟರ್ ಒತ್ತಿದರು.

ಎಲ್ಲರೂ ಬ್ಯಾಗು ಹೆಗಲಿಗೇರಿಸುತ್ತಿದ್ದಾಗ ಫೋನು ಹೊಡೆದುಕೊಂಡಿತು. ಎಲ್ಲರ ಕಣ್ಣೂ ಗುರುವಿನ ಕಡೆ ಹೊರಳಿತು. ಗುರು ಅಲ್ಲೇ ನಿಂತಿದ್ದ, ಬಕೆಟ್ಟು ಹಿಡಿದುಕೊಂಡು, ಬಾಯಿ ಮುಚ್ಚಿಕೊಂಡು. ಲಕ್ಷ್ಮೀಕಾಂತರು ಸ್ಪೀಕರ್ ಒತ್ತಿದರು. ಮಗುವಿಗೆ ಜೋಗುಳ ಹಾಡುವಂಥ ಮೃದುವಾದ ಹೆಣ್ಣುದನಿ.

"ನಮಸ್ಕಾರ. ನಾನು ಶರಾವತಿ, ಆಡಿಟ್ ಆಫೀಸರ್. ನಿಮ್ಮ ಅಬ್ಜೆಕ್ಷನ್ನುಗಳನ್ನೆಲ್ಲ ಬರೆದೋಳು ನಾನೇ. ಈಗ ನಿಮ್ಮ ಮೇಲ್ ನೋಡ್ದೆ. ಲಕ್ಷ್ಮೀಕಾಂತ ಅವರೇ, ನನ್ನ ಸರ್ವಿಸಲ್ಲೇ ಇಂಥ ಪುರಾವೆ ನೋಡಿಲ್ಲ. ಸ್ಟಾಪಿಗೊಂದು ಫೋಟೋ! ಸಾಕ್ಷಿ! ಹೇಳಿಕೆ! ಕಣ್ಣಲ್ಲಿ ನೀರು ಬಂತು."

ಲಕ್ಷ್ಮೀಕಾಂತರ ಎದೆ ಉಬ್ಬಿತು. ಸಿಮೆಂಟು ಉದುರಿತು. "ಹಾಗಾದ್ರೆ ಮೇಡಂ, ಅನುಮಾನ ಹೋಯ್ತು ತಾನೇ?"

"ಇವತ್ತು ನೀವು ಭದ್ರಾವತಿಗೆ ಹೋಗಿದ್ದರ ಬಗ್ಗೆ ಯಾವ ಅನುಮಾನವೂ ಇಲ್ಲ. ಆದ್ರೆ ಬಿಲ್ಲು ಹೋದ ತಿಂಗಳಿಂದು. ಫೋಟೋ ಇವತ್ತಿಂದು. ಹೇಳಿಕೆಗಳಲ್ಲಿ ತಾರೀಕೇ ಇಲ್ಲ. ಆ ಬಿಲ್ಲು ತಿರಸ್ಕಾರ."

"ಹೋಗ್ಲಿ ಮೇಡಂ, ಇವತ್ತಿನ ಪ್ರಯಾಣದ್ದಾದ್ರೂ..."

"ಇವತ್ತು ಹೋಗೋದಕ್ಕೆ ಕರ್ನಲ್ ಸಾಹೇಬರ ಲಿಖಿತ ಆದೇಶ ಇದೆಯಾ?"

ಲಕ್ಷ್ಮೀಕಾಂತರು ಬಕೆಟ್ಟಿನ ಕಡೆ ನೋಡಿದರು. "ಇಲ್ಲ ಮೇಡಂ."

"ಹಾಗಾದ್ರೆ ಇವತ್ತು ನಿಮಗೆ ರಜೆ ಅಂತ ಬರೆಸ್ಬಿಡಿ." ಜೋಗುಳ ಮುಂದುವರಿಯಿತು. "ಆದ್ರೆ ಈ ಪದ್ಧತಿ ಅದ್ಭುತ. ನಿಮ್ಮ ಕಚೇರೀಲಿ ಯಾರೇ ಬಸ್ಸಲ್ಲಿ ಹೋದ್ರೂ ಬಿಲ್ಲು ಇದೇ ರೀತಿ ಬರ್ಬೇಕು ಅಂತ ಈಗಲೇ ಪತ್ರ ಹೊರಡಿಸ್ತಿದೀನಿ. ನಾಳೆಯಿಂದ್ಲೇ ಜಾರಿ. ಪ್ರತಿ ಸ್ಟಾಪು, ಪ್ರತಿ ಸಾಕ್ಷಿ. ಅಂದ ಹಾಗೆ, ಇಂಥ ಯೋಚನೆ ಹೊಳೆದಿದ್ದು ಯಾರಿಗೆ?"

ಗುರು ಬಕೆಟ್ಟನ್ನು ಎದೆಗೆ ಅವಚಿಕೊಂಡು ಬೇಡ ಬೇಡ ಎಂದು ತಲೆಯಾಡಿಸಿದ.

"ನಮ್ಮ ಉಗ್ರಾಣದ ಗುರು ಅಂತ ಇದಾರೆ ಮೇಡಂ," ಎಂದರು ಲಕ್ಷ್ಮೀಕಾಂತರು, ಒಂದೊಂದು ಅಕ್ಷರವನ್ನೂ ಚಪ್ಪರಿಸುತ್ತ. "ಪೂರ್ತಿ ಅವರದೇ ಯೋಚನೆ."

"ಅವರಿಗೆ ನನ್ನ ಅಭಿನಂದನೆ ಹೇಳಿ. ಪತ್ರದಲ್ಲಿ ಅವರ ಹೆಸರನ್ನೂ ಹಾಕ್ತೀನಿ."

ಫೋನು ಇಟ್ಟಾಯಿತು. ಒಬ್ಬೊಬ್ಬರ ಮುಖವೂ ನಿದಿಗೆಯ ಎಮ್ಮೆಯ ಹಾಗೆ ಗುರುವಿನಿಂದ ತಿರುಗಿಕೊಂಡಿತು. ಸುಷ್ಮಾ ಪಿಸುಗುಟ್ಟಿದಳು. "ಗುರು, ನೀನು ನಾಳೆ ಬೆಳಗ್ಗೆನೇ ಶಾಲೆಗಳಿಗೆ ಉಗ್ರಾಣದಿಂದ ಕೊಟ್ಟ ಕೆಡೆಟ್ ಹುಡುಗ್ರ ಬಟ್ಟೆ ಲೆಕ್ಕ ನೋಡಕ್ಕೆ ಟೂರ್ ಹೊರಟಿದೀಯಲ್ಲೋ! ಸಾಗರ, ಸೊರಬ, ಹೊಸನಗರ, ತೀರ್ಥಹಳ್ಳಿ..."

"ಎಲ್ಲಾ ಆರ್ಡಿನರಿ ಬಸ್ಸು," ಎಂದ ಗುರು, ತನ್ನದೇ ಸ್ವಂತ ಧ್ವನಿಯಲ್ಲಿ. ಆ ಧ್ವನಿಯನ್ನು ಕಚೇರಿಯವರು ಕೇಳಿ ಬಹಳ ದಿನವಾಗಿತ್ತು. "ಕೈ ಎತ್ತಿದ ಕಡೆಯೆಲ್ಲಾ ನಿಲ್ಲಿಸ್ತಾರೆ."

ಆಗ ಶುರುವಾಯಿತು. ಮೊದಲು ಲಕ್ಷ್ಮೀಕಾಂತರ ಹೊಟ್ಟೆ ಕುಲುಕಿತು. ಆಮೇಲೆ ಭುಜ. ಬಿಲ್ಲು ತಿರಸ್ಕಾರವಾಗಿತ್ತು, ಅನುಮಾನ ಹಾಗೇ ಇತ್ತು, ಒಂದು ದಿನದ ರಜೆ ಮುಳುಗಿತ್ತು, ಇನ್ನು ಮೇಲೆ ಎಲ್ಲರ ಎಲ್ಲ ಸ್ಟಾಪಿನ ಎಲ್ಲ ಫೋಟೋ ಪರಿಶೀಲಿಸುವ ಕೆಲಸವೂ ತಮ್ಮದೇ ತಲೆಗೆ. ಅದೆಲ್ಲ ಅವರಿಗೆ ಚೆನ್ನಾಗಿ ಗೊತ್ತಿತ್ತು. ಆದರೂ ಗಂಟಲಿಂದ ನಗು ಹೊರಟಿತು. ಬೆಳಗ್ಗಿನಿಂದ ಆ ಕಚೇರಿಯಲ್ಲಿ ನಕ್ಕವರ ನಗುವನ್ನೆಲ್ಲ ಒಟ್ಟು ಸೇರಿಸಿದರೂ ಅದರ ಕಾಲುಭಾಗಕ್ಕೆ ಬರುತ್ತಿರಲಿಲ್ಲ.

"ಸಾರ್, ನಿಮ್ ಬಿಲ್ಲೇ ಹೋಯ್ತಲ್ಲ! ಇನ್ನೂ ಯಾಕೆ ನಗ್ತೀರಿ?" ಎಂದ ಗುರು, ಅಳುವ ದನಿಯಲ್ಲಿ.

"ಹೋಗ್ಲಿ ಮಾರಾಯ, ಹೋಗ್ಲಿ!" ಲಕ್ಷ್ಮೀಕಾಂತರು ಮೇಜು ಹಿಡಿದುಕೊಂಡು, ಉಸಿರು ಸಿಗದೆ, ಕಣ್ಣೀರು ಸುರಿಸುತ್ತ ಹೇಳಿದರು. "ನಾಳೆ ಬೆಳಗ್ಗೆ ಸಾಗರದ ದಾರೀಲಿ ಮೊದಲ್ನೇ ಸ್ಟಾಪು ಗಾಡಿಕೊಪ್ಪ! ಇಳೀ..." ಎಂದವರಿಗೆ ಮುಂದೆ ಮಾತಾಡಲು ಆಗಲಿಲ್ಲ. ಹೊರಗೆ ಸವಳಂಗ ರಸ್ತೆಯಲ್ಲಿ ಹೋಗುತ್ತಿದ್ದ ಸ್ಕೂಟರಿನವರು ಬ್ರೇಕ್ ಹಾಕಿ, ಆ ಗಂಭೀರ ಕಟ್ಟಡದೊಳಗೆ ಯಾರಪ್ಪ ಹೀಗೆ ನಗುವವರು ಎಂದು ಕತ್ತೆತ್ತಿ ನೋಡುತ್ತಿದ್ದರು.